ಗೊಂಪಣ್ಣ ಕನ್ನಡದಲ್ಲಿ ಹೇಳಿದ್ದು

ಡೆಕಿ ಮುಂಡಗೋಡಕ್ಕೆ ಮರಳಿ ಬಂದು ಹತ್ತೊಂಬತ್ತು ದಿನಗಳಾಗಿದ್ದವು. ಅಷ್ಟೂ ದಿನ ಅವಳ ತಂದೆ ಗೊನ್ಪೊ ಬೇಸರಪಡದೆ ಕ್ಯಾಮೆರಾದ ಮುಂದೆ ಕೂತು ಮಾತಾಡಿದ್ದರು. ಅವಳಿಗೆ ಬೇಕಾಗಿದ್ದನ್ನು ಮಾತ್ರ ಹೇಳಿರಲಿಲ್ಲ.

ಒಂಬತ್ತು ವರ್ಷದವರಿದ್ದಾಗ ಟಿಬೆಟ್ ಬಿಟ್ಟು ಹಿಮದ ಕಣಿವೆ ದಾಟಿದ್ದು, ದಾರಿಯಲ್ಲಿ ತಾಯಿಯ ಕಾಲ್ಬೆರಳುಗಳು ಕಪ್ಪಗಾಗಿದ್ದು, ಗಡಿಯ ಈಚೆ ರಸ್ತೆ ಕೆಲಸಕ್ಕೆ ಕಲ್ಲು ಹೊತ್ತದ್ದು, ಆಮೇಲೆ ರೈಲಿನಲ್ಲಿ ಹುಬ್ಬಳ್ಳಿಗೆ ಬಂದಿಳಿದು ಲಾರಿಯಲ್ಲಿ ಮುಂಡಗೋಡದ ಕಾಡು ಸೇರಿದ್ದು, ಎಲ್ಲವನ್ನೂ ಹೇಳಿದ್ದರು. ಕಾಡು ಕಡಿದು ಹೊಲ ಮಾಡಿ, ಮೊದಲ ಸಲ ಗೋವಿನಜೋಳ ಬಿತ್ತಿದ ಕಥೆಯನ್ನಂತೂ ಮೂರು ಸಲ ಹೇಳಿದ್ದರು. "ಎಪ್ಪತ್ತರಲ್ಲಿ ಪಡೆ ಸೇರಿದೆ" ಎಂಬಲ್ಲಿಗೆ ಬರುತ್ತಿದ್ದಂತೆ ಕೆಮ್ಮಿ, ನೀರು ಕುಡಿದು, "ಎಪ್ಪತ್ತೆರಡರಲ್ಲಿ ವಾಪಸು ಬಂದೆ" ಅನ್ನುತ್ತಿದ್ದರು. ನಡುವಿನ ಎರಡು ವರ್ಷ ಅವರ ಬಾಯಲ್ಲಿ ಇರಲೇ ಇಲ್ಲ.

ಡೆಕಿ ಆರು ವರ್ಷಗಳಿಂದ ಆ ಎರಡು ವರ್ಷಗಳ ಮೇಲೆಯೇ ಸಾಕ್ಷ್ಯಚಿತ್ರ ಮಾಡುತ್ತಿದ್ದಳು. ಎಪ್ಪತ್ತೊಂದರ ಬಾಂಗ್ಲಾ ಯುದ್ಧದಲ್ಲಿ ಭಾರತದ ಪರವಾಗಿ ಚಿತ್ತಗಾಂಗಿನ ಗುಡ್ಡಗಾಡಿಗೆ ಹೋಗಿ ಹೋರಾಡಿದ ಟಿಬೆಟಿಯನ್ ಸೈನಿಕರನ್ನು ಹುಡುಕಿಕೊಂಡು ಉತ್ತರದ ಊರೂರು ತಿರುಗಿದ್ದಳು. ಗುಟ್ಟಾಗಿ ನಡೆದ ಕೆಲಸವಾದ್ದರಿಂದ ಅವರ ಹೆಸರು ಎಲ್ಲಿಯೂ ಬಂದಿರಲಿಲ್ಲ. ಹನ್ನೊಂದು ಮುದುಕರು ಮಾತಾಡಿದ್ದರು. ಹನ್ನೊಂದನೆಯವರ ಮನೆಯಲ್ಲಿ ಒಂದು ಹಳೇ ಫೋಟೋ ಸಿಕ್ಕಿತು. ಬಂದೂಕು ಹಿಡಿದು ಸಾಲಾಗಿ ನಿಂತ ಹುಡುಗರ ನಡುವೆ ಇಪ್ಪತ್ತೊಂದು ವರ್ಷದ ಅವಳ ಅಪ್ಪ ನಿಂತಿದ್ದರು. ಅವರ ಹೆಗಲ ಮೇಲೆ ಕೈ ಹಾಕಿ ನಗುತ್ತಿದ್ದವನು ಮುಂಡಗೋಡದ ಜಂಪೆಲ್ ಎಂದು ಆ ಮುದುಕರೇ ಹೇಳಿದರು. ಅವನ ಹೆಸರು ಇಲ್ಲಿನ ಟಿಬೆಟಿಯನ್ ಕ್ಯಾಂಪಿನಲ್ಲಿ ಎಲ್ಲರಿಗೂ ಗೊತ್ತಿತ್ತು. ವೃದ್ಧಾಶ್ರಮದಲ್ಲಿರುವ ಖಾಂಡೊ ಅಜ್ಜಿಯ ಗಂಡ, ಉತ್ತರದಲ್ಲೆಲ್ಲೋ ರಸ್ತೆ ಕೆಲಸದಲ್ಲಿದ್ದಾಗ ಗುಡ್ಡ ಕುಸಿದು ಸತ್ತವನು ಎಂದು ಡೆಕಿ ಚಿಕ್ಕಂದಿನಿಂದ ಕೇಳಿದ್ದಳು. ರಸ್ತೆ ಕೆಲಸದವನ ಕೈಯಲ್ಲಿ ಬಂದೂಕು ಯಾಕೆ ಎಂದು ಅವಳು ಫೋಟೋ ತೋರಿಸಿ ಕೇಳಿದಾಗ ಅಪ್ಪ ಅದನ್ನು ಅಂಗಿಯ ಕಿಸೆಯಲ್ಲಿಟ್ಟುಕೊಂಡರು. ವಾಪಸು ಕೊಡಲಿಲ್ಲ.

ಅವಳಿಗೂ ಅದು ಬರೀ ಸಿನಿಮಾದ ಮಾತಾಗಿರಲಿಲ್ಲ. ಹುಟ್ಟಿದ್ದು ಮುಂಡಗೋಡದ ಸರಕಾರಿ ಆಸ್ಪತ್ರೆಯಲ್ಲಿ, ಮೊದಲು ಕಲಿತ ಬೈಗುಳ ಕನ್ನಡದ್ದು. ಆದರೂ ನಲವತ್ತೊಂದು ವರ್ಷದ ಅವಳ ಕಾಗದದಲ್ಲಿ 'ವಿದೇಶಿ' ಎಂದೇ ಇತ್ತು. ಹೊರಗಿನ ಚಿತ್ರೋತ್ಸವಗಳಲ್ಲಿ ಅವಳನ್ನು ನಿರಾಶ್ರಿತ ನಿರ್ದೇಶಕಿ ಎಂದು ಕರೆಯುತ್ತಿದ್ದರು. ತಾಯ್ನಾಡಿನ ನೆನಪೇನು ಎಂದು ಕೇಳುತ್ತಿದ್ದರು. ಅವಳು ಎಲ್ಲಿಂದಲೂ ಓಡಿಬಂದವಳಲ್ಲ. ತಾಯ್ನಾಡಿನ ನೆನಪೆಂದು ಅವಳು ಹೇಳುತ್ತಿದ್ದುದೆಲ್ಲ ಅಪ್ಪನದು. ಆ ಅಪ್ಪನೇ ಈ ದೇಶದ ಪರವಾಗಿ ಯುದ್ಧಕ್ಕೆ ಹೋಗಿದ್ದರೆ, ಅದನ್ನು ಮಗಳಿಗೂ ಹೇಳದಿದ್ದರೆ, ತಾನು ಇಷ್ಟು ವರ್ಷ ವೇದಿಕೆಯ ಮೇಲೆ ನಿಂತು ಹೇಳಿದ್ದರಲ್ಲಿ ನಿಜವೆಷ್ಟು ಎಂಬ ಅಳುಕು ಅವಳನ್ನು ಕಾಡುತ್ತಿತ್ತು.

ಇಪ್ಪತ್ತನೆಯ ದಿನ ಮಧ್ಯಾಹ್ನ ಶಂಕ್ರವ್ವ ಬಂದಳು. ಕ್ಯಾಂಪಿನ ಹೊಲಗಳ ಆಚೆಗೇ ಅವಳ ಹಳ್ಳಿ. ಮದುವೆಯಾಗಿ ಬಂದ ಹೊಸತರಲ್ಲಿ ಗಂಡ ಶೇಖಪ್ಪನ ಜೊತೆ ಗೊನ್ಪೊನ ಹೊಲಕ್ಕೆ ಕಳೆ ತೆಗೆಯಲು ಬಂದವಳು, ಈಗ ಎಪ್ಪತ್ತಾರರ ಮುದುಕಿ. ಗೊನ್ಪೊಗೆ ಕನ್ನಡ ಕಲಿಸಿದವರು ಈ ಗಂಡ ಹೆಂಡತಿಯೇ. ಅವರ ಬಾಯಲ್ಲಿ ಗೊನ್ಪೊ ಗೊಂಪಣ್ಣನಾದ, ಮಗಳು ಹುಟ್ಟಿದ ಮೇಲೆ ಡೆಕಿ ಡೆಕವ್ವಳಾದಳು. ಕೆಲಸ ಬಿಟ್ಟು ಎಷ್ಟೋ ವರ್ಷವಾಗಿದ್ದರೂ ಶಂಕ್ರವ್ವ ವಾರಕ್ಕೆರಡು ಸಲ ಬಂದು, ಕಟ್ಟೆಯ ಮೇಲೆ ಕೂತು, ಎಲೆಯಡಿಕೆ ಹಾಕಿಕೊಂಡು ಹೋಗುತ್ತಿದ್ದಳು.

ಅವತ್ತಿನ ಚಿತ್ರೀಕರಣವೂ ಎಪ್ಪತ್ತೆರಡಕ್ಕೆ ಜಿಗಿದು ಮುಗಿದಿತ್ತು. ಡೆಕಿ ಕ್ಯಾಮೆರಾ ಬಂದ್ ಮಾಡಿ ಒಳಕೋಣೆಗೆ ಹೋದಳು. ಅಪ್ಪನ ಕಾಲರಿಗೆ ಸಿಕ್ಕಿಸಿದ್ದ ಪುಟ್ಟ ಮೈಕು ತೆಗೆಯುವುದೂ ಧ್ವನಿಮುದ್ರಣದ ಯಂತ್ರ ನಿಲ್ಲಿಸುವುದೂ ಮರೆತುಹೋಗಿತ್ತು. ಬೆಳಗಿನ ಧ್ವನಿ ಸರಿಯಾಗಿ ಬಂದಿದೆಯೋ ಎಂದು ನೋಡಲು ಹೆಡ್‌ಫೋನು ಕಿವಿಗಿಟ್ಟುಕೊಂಡಾಗ ಕಟ್ಟೆಯ ಮೇಲಿನ ಮಾತು ಕೇಳಿಸಿತು. ಇಬ್ಬರೂ ಕೂತು ತೆನೆ ಬಿಡಿಸುತ್ತಿದ್ದರು.

"ಗೊಂಪಣ್ಣ, ಆ ಹುಡುಗಿ ದಿನಾ ಒಂದ ಕೇಳಾಕತ್ತಾಳ, ನೀ ದಿನಾ ಬ್ಯಾರೇನ ಹೇಳಾಕತ್ತಿ," ಶಂಕ್ರವ್ವ ಅಂದಳು. "ನಿಮ್ಮ ಭಾಷಾ ನನಗ ಬರೂದಿಲ್ಲ ಖರೆ, ಮಾರಿ ನೋಡಿದ್ರ ತಿಳೀತೈತಿ."

"ಹಳೇ ಮಾತು ಅಕ್ಕಾ. ಬಿಡು."

"ನಾ ಬಿಡತೀನಿ. ಅದು ನಿನ್ನ ಬಿಟ್ಟೈತೇನು? ನಮ್ಮ ಮನಿಯವರಿಗೆ ನಿನ್ನ ಹೊಲದಾಗ ಹಾವು ಕಡಿದಾಗ ನೀನ ಬಂದು ಹೇಳಿದಿ. ಬಾಗಲದಾಗ ನಿಂತು, 'ಅಕ್ಕಾ, ಶೇಖಪ್ಪ ಹೋದ' ಅಂದಿ. ಆವತ್ತ ನಿನ್ನ ಬಾಯಿಗೆ ಬಂದಂಗ ಬೈದೆ. ನೀ ಒಂದೂ ಮಾತಾಡದ ನಿಂತಿದ್ದಿ. ಅಂಥಾದ್ದ ಹೇಳಿದಾವಗ ಇದೇನು ದೊಡ್ಡದು?"

ಕಾಳು ಮೊರಕ್ಕೆ ಬೀಳುವ ಸದ್ದು ನಿಂತಿತು.

"ಆವತ್ತ ಹೇಳಾಕ ಯಾಕ ಆತು ಗೊತ್ತೈತೇನಕ್ಕಾ? ಅದಕ್ಕೂ ಮೊದಲ ಒಬ್ಬಾಕಿಗೆ ಸುಳ್ಳ ಹೇಳಿದ್ದೆ. ಎರಡನೇ ಸಲ ಹೇಳಾಕ ನನಗ ಆಗಲಿಲ್ಲ."

ಡೆಕಿ ಎದ್ದು ಬಾಗಿಲವರೆಗೆ ಹೋದಳು. ಹೊರಗೆ ಹೋಗಿ ಮೈಕು ತೆಗೆಯಬೇಕಿತ್ತು. ಹೋಗಲಿಲ್ಲ. ಹೆಡ್‌ಫೋನಿನ ಎರಡೂ ಕಡೆ ಕೈ ಒತ್ತಿಕೊಂಡು ಅಲ್ಲೇ ನೆಲದ ಮೇಲೆ ಕೂತಳು.

"ನಾನೂ ಜಂಪೆಲ್ಲೂ ಕೂಡೇ ಹೋಗಿದ್ವಿ," ಅಪ್ಪ ಅಂದರು. "ನದಿ ದಾಟಿ ಗುಡ್ಡದಾಗ ಹೊಕ್ಕಿವಿ. ಬಿದಿರಂದ್ರ ಬಿದಿರು, ನಮ್ಮ ಜೋಯಿಡಾ ಕಡೆ ಇದ್ದಂಗ. ನಾಕನೇ ದಿನ ಬೆಳಗಾಗೂದಕ್ಕ ಮೊದಲ ಅವನ ಹೊಟ್ಟಿಗೆ ಗುಂಡು ಬಡೀತು. ಮುಂದಿನ ಗುಡ್ಡಕ್ಕ ಏರಬೇಕಂತ ಹುಕುಂ ಬಂದಿತ್ತು. ನಾ ಅಂವನ್ನ ಬಿದಿರಿನ ಬುಡಕ್ಕ ಕೂಡಿಸಿದೆ. ಬಟ್ಟಿ ಕಟ್ಟಿದೆ, ನೀರು ಕೊಟ್ಟೆ. ಮಧ್ಯಾಹ್ನಕ್ಕ ಬರ್ತೇನಿ ಅಂದೆ. ಹೋಗಿ ಬಂದಾಗ ಎರಡು ದಿನ ಆಗಿತ್ತು."

"ಜೀವ ಇತ್ತೇನು?"

"ಇಲ್ಲ."

ಶಂಕ್ರವ್ವ ಮೊರ ಪಕ್ಕಕ್ಕೆ ಸರಿಸಿದ ಸದ್ದಾಯಿತು.

"ಎಲ್ಲಿಗೆ ಹೋಗಿದ್ವಿ ಅಂತ ಯಾರಿಗೂ ಹೇಳಬ್ಯಾಡ್ರಿ ಅಂದಿದ್ರು. ಸುಳ್ಳ ಹೇಳ್ರಿ ಅಂತ ಯಾರೂ ಹೇಳಿರಲಿಲ್ಲ. ಸುಳ್ಳ ನಂದ. ಖಾಂಡೊ ಬಂದು ಕೇಳಿದಳು. 'ಗುಡ್ಡ ಕುಸೀತು, ಒಂದ ನಿಮಿಷದಾಗ ಹೋದ, ತ್ರಾಸ ಆಗಲಿಲ್ಲ' ಅಂದೆ. ನಮ್ಮ ಭಾಷಾದಾಗ ಆ ಮಾತು ಎಷ್ಟು ಸಲ ಹೇಳೇನಿ ಅಂದ್ರ, ಈಗ ಖರೇದು ಹೇಳಾಕ ಬಾಯಿ ತೆರೆದ್ರ ಅದ ಬರ್ತೈತಿ. ನಿನ್ನ ಮುಂದ ಇದನ್ನ ಯಾವತ್ತೂ ಸುಳ್ಳ ಹೇಳಿಲ್ಲ ನೋಡು. ಕನ್ನಡದಾಗ ಇದರ ಸುದ್ದೀನ ತಗದಿಲ್ಲ."

ಶಂಕ್ರವ್ವ ಎದ್ದು ಹೋಗುವ ಮುಂಚೆ ಒಂದೇ ಮಾತು ಹೇಳಿದಳು. "ನನ್ನ ಮುಂದ ಹೇಳಿ ಏನ ಉಪಯೋಗ, ಗೊಂಪಣ್ಣ? ಆಕಿ ಇನ್ನೂ ಅದಾಳ."

ಆ ಸಂಜೆ ಡೆಕಿ ಆ ಧ್ವನಿಯನ್ನು ಐದು ಸಲ ಕೇಳಿದಳು. ಮೊದಲೆರಡು ಸಲ ಅತ್ತಳು. ಮೂರನೆಯ ಸಲ, ಇದನ್ನು ಚಿತ್ರದ ಯಾವ ಭಾಗದಲ್ಲಿ ಹಾಕಬೇಕು, ಮೇಲೆ ಯಾವ ದೃಶ್ಯ ತೋರಿಸಬೇಕು ಎಂದು ಮನಸ್ಸು ಲೆಕ್ಕ ಹಾಕತೊಡಗಿತು. ಐದನೆಯ ಸಲಕ್ಕೆ ನಾಚಿಕೆಯಾಗಿ ಯಂತ್ರ ಬಂದ್ ಮಾಡಿದಳು. ಮರುದಿನ ಅಪ್ಪನಿಗೆ ಚಹಾ ಕೊಡುತ್ತ ಟಿಬೆಟಿಯನ್ನಿನಲ್ಲಿ, "ಪಾಲಾ, ನಿನ್ನೆ ಮೈಕು ನಿಮ್ಮ ಅಂಗಿಯಲ್ಲೇ ಇತ್ತು. ನಾನು ಎಲ್ಲವನ್ನೂ ಕೇಳಿದೆ. ಅದು ನನ್ನ ಹತ್ತಿರ ಇದೆ," ಅಂದಳು.

ಅಪ್ಪ ಲೋಟ ಕೆಳಗಿಟ್ಟರು. "ಕದ್ದು ಕೇಳುವುದನ್ನು ಕಲಿಯಲಿಕ್ಕೆ ಸಿನಿಮಾ ಅಂತ ಅಷ್ಟು ದೂರ ಹೋಗಿದ್ದೆಯಾ?" ಎಂದರು. ಸಿಟ್ಟಿನಿಂದಲ್ಲ, ದಣಿದವರ ಹಾಗೆ.

"ನೀವು ಅಳಿಸು ಅಂದರೆ ಅಳಿಸುತ್ತೇನೆ."

ಎರಡು ದಿನ ಅವರು ಅವಳ ಜೊತೆ ಮಾತಾಡಲಿಲ್ಲ. ಮಾಡಿದ ಅಡುಗೆ ಉಂಡರು, ಹೊಲಕ್ಕೆ ಹೋದರು, ಬಂದರು. ಕ್ಯಾಮೆರಾ ನಿಂತಲ್ಲೇ ನಿಂತಿತ್ತು. ಮೂರನೆಯ ದಿನ ಬೆಳಿಗ್ಗೆ ಅವರು ಗಡ್ಡ ಮಾಡಿಕೊಂಡು, ಹಬ್ಬಕ್ಕೆ ಹಾಕುವ ಉದ್ದ ನಿಲುವಂಗಿ, ಚುಪಾ, ತೊಟ್ಟು ಹೊರಗೆ ಬಂದು, "ಅಳಿಸಬೇಡ. ಆದರೆ ಅದನ್ನು ಮೊದಲು ಕೇಳಬೇಕಾದವಳು ಖಾಂಡೊ. ನಡೆ," ಅಂದರು.

ವೃದ್ಧಾಶ್ರಮದ ಕೋಣೆಯಲ್ಲಿ ಖಾಂಡೊ ಅಜ್ಜಿ ಕಿಟಕಿಯ ಪಕ್ಕ ಕೂತು ಕೌದಿ ಹೊಲಿಯುತ್ತಿದ್ದರು. ಹಳೇ ಸೀರೆಯ ತುಂಡುಗಳಿಂದ ಕೌದಿ ಹೊಲಿಯುವುದನ್ನು ಅವರು ಇಲ್ಲಿನ ಹಳ್ಳಿಯ ಹೆಂಗಸರಿಂದ ಕಲಿತಿದ್ದರು. ವರ್ಷಕ್ಕೊಂದು ಮುಗಿಸಿ, ಉತ್ತರಕ್ಕೆ ಯಾತ್ರೆ ಹೋಗುವವರ ಕೈಯಲ್ಲಿ ಕಳಿಸಿ, ಬೆಟ್ಟದ ಮೇಲೆ ಚಳಿಯಲ್ಲಿರುವ ಯಾರಿಗಾದರೂ ಕೊಡಿಸುತ್ತಿದ್ದರು.

ಗೊನ್ಪೊ ಕುರ್ಚಿಯ ಮೇಲೆ ಕೂರಲಿಲ್ಲ. ಬಾಗಿಲ ಬಳಿ ನಿಂತು ಬಾಯಿ ತೆರೆದರು, ಆಗಲಿಲ್ಲ. ಡೆಕಿಯ ಕಡೆ ನೋಡಿದರು. ಆಮೇಲೆ ಕಣ್ಣು ಮುಚ್ಚಿಕೊಂಡು, ಕನ್ನಡದಲ್ಲಿ, "ಜಂಪೆಲ್ ಗುಡ್ಡ ಕುಸಿದು ಸತ್ತಿಲ್ಲ," ಅಂದರು.

ಖಾಂಡೊ ಅಜ್ಜಿಗೆ ಸಂತೆಯ ಕನ್ನಡ ಬರುತ್ತಿತ್ತು. ಸೂಜಿ ನಿಂತಿತು. "ಏನಂದೆ?" ಎಂದು ಟಿಬೆಟಿಯನ್ನಿನಲ್ಲಿ ಕೇಳಿದರು.

ಒಮ್ಮೆ ಬಾಯಿ ಬಿಟ್ಟ ಮೇಲೆ ಅಪ್ಪನಿಗೆ ತಮ್ಮ ಭಾಷೆಯೂ ಬಂತು. ನದಿ, ಬಿದಿರು, ಗುಂಡು, ನೀರು, ಎರಡು ದಿನ, ಎಲ್ಲವನ್ನೂ ಹೇಳಿದರು. ನಡುವೆ ಅಜ್ಜಿ ಕೈ ಎತ್ತಿ ತಡೆದು ಡೆಕಿಯ ಚೀಲದ ಕಡೆ ತೋರಿಸಿದರು.

"ಅದು ಕ್ಯಾಮೆರಾ ಅಲ್ಲವೇ? ತೆಗಿ."

"ಮೋಲಾ, ಬೇಡ," ಅಂದಳು ಡೆಕಿ ಅಜ್ಜಿಗೆ. "ಇದು ಸಿನಿಮಾಕ್ಕಲ್ಲ."

"ಸಿನಿಮಾ ನಿನ್ನದು. ಇದು ನನ್ನದು. ಇವನು ನನಗೆ ಸುಳ್ಳು ಹೇಳಿದಾಗ ಪಕ್ಕದಲ್ಲಿ ಯಾರೂ ಇರಲಿಲ್ಲ. ನಿಜ ಹೇಳುವಾಗ ಒಂದು ಸಾಕ್ಷಿ ಇರಲಿ. ಮೊದಲಿನಿಂದ ಹೇಳು, ಗೊನ್ಪೊ."

ಅವರು ಮೊದಲಿನಿಂದ ಹೇಳಿದರು. ಡೆಕಿ ಎಲ್ಲವನ್ನೂ ಚಿತ್ರೀಕರಿಸಿದಳು. ಮುಗಿದ ಮೇಲೆ ಖಾಂಡೊ ಅಜ್ಜಿ ಕಿಟಕಿಯ ಆಚೆ ನೋಡಿದರು. ಅಂಗಳದಲ್ಲಿ ಯಾರೋ ಒಣಗಲು ಹಾಕಿದ್ದ ಬಟ್ಟೆ ಎತ್ತುತ್ತಿದ್ದರು.

"ಹಾಗಾದರೆ ಅಲ್ಲಿ ಚಳಿ ಇರಲಿಲ್ಲ," ಅಂದರು.

"ಇಲ್ಲ. ಸೆಕೆ."

"ಐವತ್ತೆರಡು ವರ್ಷ ನಾನು ಅವನಿಗೆ ಹೊದಿಸಿದ್ದೇನೆ." ತೊಡೆಯ ಮೇಲಿದ್ದ ಕೌದಿಯನ್ನು ಮಡಚಿ ಪಕ್ಕಕ್ಕಿಟ್ಟರು. "ಅವನನ್ನು ನುಂಗಿದ ಬೆಟ್ಟದ ಜೊತೆ ಜಗಳಾಡಿದ್ದೇನೆ. ಬೆಟ್ಟದ ಹೆಸರು ಹೇಳು ಅಂತ ನಿನ್ನನ್ನು ಕೇಳಿದ್ದೆ, ನೆನಪಿದೆಯಾ? ನೀನು ಒಂದು ಹೆಸರನ್ನೂ ಹೇಳಿದ್ದೆ."

ಗೊನ್ಪೊ ತಲೆ ತಗ್ಗಿಸಿದರು.

"ನಿನ್ನ ಮುಖ ನೋಡಲಾರೆ ಈಗ. ಹೊರಗೆ ಹೋಗು," ಅಂದರು ಅಜ್ಜಿ. ಗೊನ್ಪೊ ಹೋದ ಮೇಲೂ ಅಜ್ಜಿ ಅಳಲಿಲ್ಲ. "ಅಂಥ ಕಾಡು ಇಲ್ಲಿ ಎಲ್ಲಿದೆ?" ಎಂದು ಡೆಕಿಯನ್ನು ಕೇಳಿದರು.

ಚಿತ್ತಗಾಂಗಿಗೆ ಅವರನ್ನು ಕರೆದೊಯ್ಯುವ ದಾರಿ ಡೆಕಿಗೆ ಕಾಣಲಿಲ್ಲ. ಗಡಿ ದಾಟಲು ಬೇಕಾದ ಕಾಗದ ಅಪ್ಪನ ಹತ್ತಿರವೂ ಅಜ್ಜಿಯ ಹತ್ತಿರವೂ ಇರಲಿಲ್ಲ. ಆದರೆ ಜೋಯಿಡಾದ ಕಾಡು ಅಪ್ಪನ ಮಾತಿನಲ್ಲಿಯೇ ಬಂದಿತ್ತು. ಮುಂದಿನ ಸೋಮವಾರ ಶಂಕ್ರವ್ವನ ಮಗ ಲೋಕೇಶ ತನ್ನ ಓಮ್ನಿ ತಂದ. ಗೊನ್ಪೊ ಕೂಡ ಬರಬೇಕೆಂದು ಅಜ್ಜಿಯೇ ಹೇಳಿಕಳಿಸಿದ್ದರು. ಅದೇ ದಾರಿಯಲ್ಲಿರುವ ಉಳವಿಗೆ ಹೋಗಿ ಚೆನ್ನಬಸವಣ್ಣನಿಗೆ ಕೈಮುಗಿದು ಎಷ್ಟೋ ವರ್ಷವಾಯಿತೆಂದು ಶಂಕ್ರವ್ವನೂ ಹತ್ತಿದಳು. ದಾಂಡೇಲಿಯಲ್ಲಿ ಚಹಾಕ್ಕೆ ನಿಲ್ಲಿಸಿದಾಗ ಶಂಕ್ರವ್ವ ಬುತ್ತಿ ಬಿಚ್ಚಿ, ರೊಟ್ಟಿಯ ಮೇಲೆ ಶೇಂಗಾ ಚಟ್ನಿ ಹಾಕಿ ಮೊದಲು ಖಾಂಡೊ ಅಜ್ಜಿಗೆ ಕೊಟ್ಟಳು.

"ತಿನ್ನವ್ವಾ. ಹಸಕೊಂಡು ಹೋದ್ರ ಕಾಲು ನಡಿಯೂದಿಲ್ಲ."

ಅಜ್ಜಿ ತಿಂದರು.

ಕುಂಬಾರವಾಡ ದಾಟಿ ಸ್ವಲ್ಪ ಮುಂದೆ ಗೊನ್ಪೊ ಗಾಡಿ ನಿಲ್ಲಿಸಲು ಹೇಳಿದರು. ರಸ್ತೆಯ ಪಕ್ಕ ಕಾಲುದಾರಿಯೊಂದು ಬಿದಿರುಮೆಳೆಗಳ ನಡುವೆ ಒಳಗೆ ಹೋಗಿ, ಏರಿನಲ್ಲಿ ಎಡಕ್ಕೆ ತಿರುಗಿ ಮರೆಯಾಗುತ್ತಿತ್ತು. ಲೋಕೇಶನನ್ನು ಬಿಟ್ಟು ಉಳಿದವರು ಇಳಿದರು. ಡೆಕಿ ಕ್ಯಾಮೆರಾ ಎತ್ತಿಕೊಂಡಳು. ಈ ಸಲ ಯಾರನ್ನೂ ಕೇಳಬೇಕಾಗಲಿಲ್ಲ.

"ಹೀಗೇ ಇತ್ತೇ?" ಖಾಂಡೊ ಅಜ್ಜಿ ಕೇಳಿದರು.

"ಹೆಚ್ಚುಕಡಿಮೆ."

"ಅವನನ್ನು ಎಲ್ಲಿ ಕೂರಿಸಿದೆ?"

ಗೊನ್ಪೊ ಒಂದು ಮೆಳೆಯ ಬುಡ ತೋರಿಸಿದರು. ಅಜ್ಜಿ ಅಲ್ಲಿಗೆ ಹೋಗಿ, ಬಿದಿರಿಗೆ ಬೆನ್ನು ಕೊಟ್ಟು, ಕಾಲು ಚಾಚಿ ಒಣ ಎಲೆಗಳ ಮೇಲೆ ಕೂತರು. ಶಂಕ್ರವ್ವ ಹಿಡಿದುಕೊಳ್ಳಲು ಮುಂದೆ ಬಂದಳು, ಅಜ್ಜಿ ಬೇಡವೆಂದರು.

"ಈಗ ನೀನು ಹೋದ ಹಾಗೆ ಹೋಗು."

"ಖಾಂಡೊ."

"ಅವನು ಕೊನೆಗೆ ನೋಡಿದ್ದು ಏನೆಂದು ನನಗೆ ಗೊತ್ತಾಗಬೇಕು. ಹೋಗು."

ಎಪ್ಪತ್ಮೂರು ವರ್ಷದ ಗೊನ್ಪೊ ಬೆನ್ನು ತಿರುಗಿಸಿ ಏರು ಹತ್ತಿದರು. ಒಮ್ಮೆಯೂ ಹಿಂತಿರುಗಿ ನೋಡಲಿಲ್ಲ, ಅವತ್ತೂ ನೋಡಿರಲಿಲ್ಲವೆಂದು ಡೆಕಿಗೆ ಹೇಳದೆಯೇ ತಿಳಿಯಿತು. ಅವಳು ಅಜ್ಜಿಯ ಭುಜದ ಹಿಂದೆ ನಿಂತು ಚಿತ್ರ ತೆಗೆಯುತ್ತಿದ್ದಳು. ಬಾಗಿದ ಬೆನ್ನು ಬಿದಿರಿನ ನಡುವೆ ಚಿಕ್ಕದಾಗುತ್ತಾ ತಿರುವಿನ ಹತ್ತಿರ ಬಂತು. ಮರೆಯಾಗುವ ಮೊದಲೇ ನಿಂತುಬಿಟ್ಟಿತು.

"ಯಾಕೆ ನಿಂತೆ?" ಅಜ್ಜಿ ಕೂಗಿ ಕೇಳಿದರು.

ಅವರು ತಿರುಗಲಿಲ್ಲ. "ಒಂದನ್ನು ನಾನು ಯಾರಿಗೂ ಹೇಳಿಲ್ಲ," ಅಂದರು. ಕಾಡು ನಿಶ್ಶಬ್ದವಾಗಿದ್ದರಿಂದ ಅಷ್ಟು ದೂರದಿಂದಲೂ ಕೇಳಿಸಿತು. "ನಾನು ಮರಳಿ ಬಂದಾಗ ಅವನು ಬಿದಿರಿನ ಬುಡದಲ್ಲಿ ಇರಲಿಲ್ಲ. ಇಲ್ಲಿದ್ದ. ದಾರಿಯ ಮೇಲೆ. ಎಲೆಗಳ ಮೇಲೆ ಗುರುತಿತ್ತು. ನನ್ನ ಹಿಂದೆ ತೆವಳಿಕೊಂಡು ಬಂದಿದ್ದ."

ಕೊನೆಯ ಮಾತಿಗೆ ಅವರು ಅಲ್ಲೇ ದಾರಿಯ ಮೇಲೆ ಕೂತುಬಿಟ್ಟರು. ಡೆಕಿ ಕ್ಯಾಮೆರಾ ಇಳಿಸಿ ಓಡಲು ಹೊರಟಳು. ಶಂಕ್ರವ್ವ ಅವಳ ತೋಳು ಹಿಡಿದಳು.

"ತಡಿ ಡೆಕವ್ವ. ಆಕಿ ಹೋಗಲಿ."

ಖಾಂಡೊ ಅಜ್ಜಿ ಬಿದಿರು ಹಿಡಿದು ಎದ್ದರು. ಒಂದೊಂದೇ ಹೆಜ್ಜೆ ಇಡುತ್ತ, ತುಟಿಯಲ್ಲೇ ಎಣಿಸುತ್ತ ಏರು ಹತ್ತಿ ಹೋದರು. ಗೊನ್ಪೊನ ಪಕ್ಕ ಬಂದು ನಿಂತಾಗ ಉಸಿರು ಏರಿತ್ತು.

"ನಲವತ್ತೊಂದು," ಅಂದರು. "ಹೊಟ್ಟೆಗೆ ಗುಂಡು ಬಿದ್ದವನು ಇಷ್ಟು ದೂರ ಬಂದನೇ?"

ಗೊನ್ಪೊ ತಲೆಯಾಡಿಸಿದರು.

"ಅವನೇ ಅದು," ಅಂದರು ಖಾಂಡೊ ಅಜ್ಜಿ. "ಗುಡ್ಡದ ಕೆಳಗೆ ಸುಮ್ಮನೆ ಮಲಗಿದವನು ನನಗೆ ಗುರುತೇ ಸಿಗುತ್ತಿರಲಿಲ್ಲ. ನನ್ನ ಗಂಡ ಕಾಯುತ್ತ ಕೂರುವವನಲ್ಲ, ಗೊನ್ಪೊ. ಯಾರು ಎಷ್ಟು ಹೇಳಿದರೂ ಕೂರುವವನಲ್ಲ." ಅಲ್ಲೇ ಕೂತು ದಾರಿಯ ಮಣ್ಣಿನ ಮೇಲೆ ಅಂಗೈ ಊರಿ, ಅಷ್ಟು ವರ್ಷದ ಅಳುವನ್ನೆಲ್ಲ ಅತ್ತರು. ಗೊನ್ಪೊ ಕಿಸೆಯಿಂದ ಫೋಟೋ ತೆಗೆದು ಅವರ ಮುಂದೆ ಇಟ್ಟರು. ಕೆಳಗೆ ಶಂಕ್ರವ್ವ ಸೆರಗಿನಿಂದ ಕಣ್ಣೊರೆಸಿಕೊಂಡಳು. ಡೆಕಿ ಕ್ಯಾಮೆರಾವನ್ನು ಮತ್ತೆ ಎತ್ತಿ ಹಿಡಿದಳು. ಅಜ್ಜಿ ಸಾಕ್ಷಿ ಬೇಕೆಂದಿದ್ದರು. ಬೇಡವೆನ್ನುವ ಅಧಿಕಾರ ತನಗಿಲ್ಲ ಎಂದು ಅವಳಿಗೆ ಅನಿಸಿತು.

ಆಮೇಲೆ ಎಲ್ಲರೂ ಉಳವಿಗೆ ಹೋದರು. ಶಂಕ್ರವ್ವ ಒಳಗೆ ಹೋಗಿ ಬರುವ ತನಕ ಖಾಂಡೊ ಅಜ್ಜಿ ಹೊರಗೆ ಕಟ್ಟೆಯ ಮೇಲೆ ಕೂತು ಜಪಸರ ತಿರುಗಿಸಿದರು. ಶಂಕ್ರವ್ವ ತಂದ ವಿಭೂತಿಯನ್ನು ಹಣೆಗೆ ಹಚ್ಚಿಸಿಕೊಂಡರು.

ಹಿಂತಿರುಗುವ ದಾರಿಯಲ್ಲಿ ಅವರು ಗೊನ್ಪೊಗೆ, "ಕ್ಷಮಿಸಿದೆ ಅಂತ ನನ್ನ ಬಾಯಿಂದ ಬರುವುದಿಲ್ಲ," ಅಂದರು. "ಆದರೆ ಪಡೆಯಲ್ಲಿದ್ದಷ್ಟು ದಿನ ಅವನು ನಿನ್ನ ಜೊತೆ ಇದ್ದ. ಅದು ನನಗೆ ಬೇಕು. ಪ್ರತಿ ಬುಧವಾರ ಬಾ. ಏನು ತಿಂದಿರಿ, ಏನು ಮಾತಾಡಿದಿರಿ, ಒಂದೂ ಬಿಡದೆ ಹೇಳು."

ಗೊನ್ಪೊ ಒಂದು ಬುಧವಾರವೂ ತಪ್ಪಿಸಲಿಲ್ಲ. ಚಿತ್ರ ಮುಗಿಯಲು ಇನ್ನೂ ಒಂದು ವರ್ಷ ಹಿಡಿಯಿತು. ಡೆಕಿ ಕಟ್ಟೆಯ ಮೇಲಿನ ಆ ಧ್ವನಿಯನ್ನು ಅಪ್ಪನ ಒಪ್ಪಿಗೆ ಪಡೆದು, ಏನೂ ಕತ್ತರಿಸದೆ ಹಾಕಿದಳು. ಮೊದಲ ಪ್ರದರ್ಶನ ಕ್ಯಾಂಪಿನ ಸಭಾಭವನದಲ್ಲಿಯೇ ನಡೆಯಿತು. ಮುಂದಿನ ಸಾಲುಗಳಲ್ಲಿ ಕ್ಯಾಂಪಿನ ಹಿರಿಯರು, ಹಿಂದೆ ಶಂಕ್ರವ್ವನ ಹಳ್ಳಿಯವರು ಕೂತಿದ್ದರು. ಕಪ್ಪು ಪರದೆಯ ಮೇಲೆ ಗೊಂಪಣ್ಣನ ದನಿ ಬಂದಾಗ ಹಿಂದಿನ ಸಾಲುಗಳು ಮೊದಲು ಸ್ತಬ್ಧವಾದವು. ಮುಂದಿನವರಿಗೆ ಕೆಳಗಿನ ಟಿಬೆಟಿಯನ್ ಅಕ್ಷರ ಓದಿಕೊಳ್ಳಲು ಸ್ವಲ್ಪ ಹೊತ್ತು ಬೇಕಾಯಿತು. ಓದಿದವರು ಒಬ್ಬೊಬ್ಬರಾಗಿ ಖಾಂಡೊ ಅಜ್ಜಿಯ ಕಡೆ ತಿರುಗಿದರು. ಅಜ್ಜಿ ನೆಟ್ಟಗೆ ಕೂತು ಪರದೆಯನ್ನೇ ನೋಡುತ್ತಿದ್ದರು.

ಚಿತ್ರ ಮುಗಿದ ಮೇಲೆ ಯಾರೂ ಚಪ್ಪಾಳೆ ತಟ್ಟಲಿಲ್ಲ. ಎದ್ದು ಸುಮ್ಮನೆ ಮನೆಗೆ ಹೋದರು. ಡೆಕಿಗೆ ತಪ್ಪು ಮಾಡಿದೆನೇನೋ ಎಂದು ಭಯವಾಯಿತು.

ಮರುದಿನ ಬೆಳಿಗ್ಗೆ ಏಳು ಗಂಟೆಗೆ ಇಬ್ಬರು ಮುದುಕರು ಗೇಟಿನ ಹತ್ತಿರ ನಿಂತಿದ್ದರು. ಕ್ಯಾಂಪ್ ನಂಬರ್ ಆರರವರು. ಡೆಕಿ ಅವರನ್ನು ಚಿಕ್ಕಂದಿನಿಂದ ನೋಡಿದ್ದಳು. ಒಬ್ಬರು ಟೋಪಿ ತೆಗೆದು ಕೈಯಲ್ಲಿ ಹಿಡಿದುಕೊಂಡಿದ್ದರು.

"ನಾವೂ ಹೋಗಿದ್ದೆವು," ಅಂದರು. "ನಮ್ಮ ಮಕ್ಕಳಿಗೆ ಗೊತ್ತಿಲ್ಲ. ನಮ್ಮದನ್ನೂ ತೆಗೆದುಕೊಳ್ಳುತ್ತೀಯಾ?"

ಡೆಕಿ ಕುರ್ಚಿ ತರಲು ಒಳಗೆ ಹೋದಳು. ಅಪ್ಪ ಆಗಲೇ ಒಲೆಯ ಮೇಲೆ ಚಹಾದ ನೀರು ಇಟ್ಟಿದ್ದರು.